ಶ್ರೀ ಪುಟ್ಟಣ್ಣ ಕಣಗಾಲರು

ನಮ್ಮ ಕೊಡಗಿನ ನೆರೆಯ ಪಿರಿಯಾಪಟ್ಟಣ ತಾಲ್ಲೂಕಿನ ಕಣಗಾಲಿನಲ್ಲಿ 1933ರಲ್ಲಿ ಜನಿಸಿದ ಪುಟ್ಟಣ್ಣನವರು, ಶ್ರೀ ಬಿ. ಆರ್. ಪಂತುಲು ಅವರ ಬಳಿಯಲ್ಲಿದ್ದು ಚಿತ್ರನಿರ್ದೇಶನವನ್ನು ಕಲಿತರು. 1967ರ ‘ಬೆಳ್ಳಿಮೋಡ’ದಿಂದ ಕನ್ನಡಿಗರು ಅವರನ್ನು ಅರಿತರು. ಅದರ ಕಥೆ ಶ್ರೀಮತಿ ತ್ರಿವೇಣಿಯವರದು. ‘ಗೆಜ್ಜೆಪೂಜೆ’ಯದು ಶ್ರೀಮತಿ ಎಂ. ಕೆ. ಇಂದಿರಾ ಅವರದು. ಸ್ತ್ರೀಯರು ಬರೆದುದನ್ನು ಇಷ್ಟು ಆದರದಿಂದ ಆರಿಸಿಕೊಂಡ ನಿರ್ದೇಶಕರು ವಿರಳರೆಂದೇ ನಾವೆಣಿಸುತ್ತೇವೆ.

1971ರ ‘ಶರಪಂಜರ’ವೂ ತ್ರಿವೇಣಿಯವರ ಕಾದಂಬರಿಯೇ, 1963ರಲ್ಲಿಯೇ ದಿವಂಗತರಾದ ಆಕೆಗೆ ಚಿತ್ರವನ್ನು ಕಾಣುವ ಭಾಗ್ಯವಿರಲಿಲ್ಲ. ಹೆರಿಗೆಯ ತರುವಾಯ ಚಿತ್ತಸ್ವಾಸ್ಥ್ಯ ಕೆಟ್ಟ ಕಾವೇರಿಯು ಗುಣಹೊಂದಿ ಮನೆಗೆ ಮರಳುತ್ತಾಳೆ. (ಕೊಡಗಿನ ನಮ್ಮ ಕಾವೇರಿಯನ್ನು ಹೊಗಳುವ ಹಾಡೂ ಆ ಚಿತ್ರದಲ್ಲಿದೆ.) ವೈದ್ಯರು ವಾಸಿಮಾಡಿದ ಮನಸ್ಸನ್ನು ಸುತ್ತಲಿನವರ ಶಂಕೆಯು ಪುನಃ ಕೆಡಿಸುತ್ತದೆ, ಆಕೆ ಮರಳಿ ಆಸ್ಪತ್ರೆಯನ್ನೇ ಸೇರುತ್ತಾಳೆ. ತಪ್ಪು ರೋಗಿಯದಲ್ಲ, ಮನೆಯದು ಎಂದು ತೋರಿಸಲು ಅಂದು ಧೈರ್ಯವೇ ಬೇಕಿತ್ತು.

1985ರ ಜೂನ್ 5ರಂದು ಪುಟ್ಟಣ್ಣನವರು ತೀರಿಕೊಂಡಾಗ ‘ಮಸಣದ ಹೂವು’ ಅಪೂರ್ಣವಾಗಿತ್ತು. ಅದನ್ನು ಶ್ರೀ ಕೆ. ಎಸ್. ಎಲ್. ಸ್ವಾಮಿಯವರು ಪೂರ್ಣಗೊಳಿಸಿದರು.