ಕಮಲ್ ರಣದಿವೆ: ಸಂಶೋಧಕರನ್ನು ತಯಾರು ಮಾಡಿದ ವಿಜ್ಞಾನಿ

ನಮ್ಮ ಪತ್ರಿಕೆಗೆ ಸಾಧಕರ ಪರಿಚಯ ಬರೆಯುವಾಗ ಹೆಚ್ಚಾಗಿ ನಾವೆಲ್ಲರೂ ಅಬ್ದುಲ್ ಕಲಾಂ, ಸರ್ ಎಂ. ವಿಶ್ವೇಶ್ವರಯ್ಯ, ಮೌಲಾನಾ ಆಜಾದ್ ಅವರನ್ನೇ ಆರಿಸಿಕೊಳ್ಳುತ್ತೇವೆ. ಈ ಸಲ ನಾನು ಡಾ. ಕಮಲ್ ರಣದಿವೆ ಅವರ ಬಗ್ಗೆ ಬರೆಯುತ್ತಿದ್ದೇನೆ. ಸ್ತನ ಕ್ಯಾನ್ಸರ್ ಬಗ್ಗೆ ನಮ್ಮ ದೇಶದಲ್ಲೇ ಸಂಶೋಧನೆ ನಡೆಸಿ, ಅದನ್ನು ಮುಂದುವರಿಸುವ ವಿದ್ಯಾರ್ಥಿಗಳನ್ನೂ ತಯಾರು ಮಾಡಿದವರು ಅವರು. ನಾನು ಕಾಮರ್ಸ್ ಓದುವವಳು. ಸೂಕ್ಷ್ಮದರ್ಶಕ ಮುಟ್ಟಿದ್ದು ಹತ್ತನೇ ತರಗತಿಯಲ್ಲೇ ಕೊನೆ. ಆದರೂ ಅವರ ಜೀವನದ ಲೆಕ್ಕ ನನಗೆ ಅರ್ಥವಾಯಿತು, ಅದಕ್ಕೇ ಬರೆಯುತ್ತಿದ್ದೇನೆ.

ಇನ್ನೊಂದು ಕಾರಣವೂ ಇದೆ. ನಮ್ಮ ಮನೆಮಾತು ಉರ್ದು. ನಮ್ಮ ಕಡೆಯ ಹೆಂಗಸರು ಈ ಕಾಯಿಲೆಯ ಹೆಸರನ್ನೇ ಹೇಳುವುದಿಲ್ಲ. ದನಿ ತಗ್ಗಿಸಿ ವೋ ಬೀಮಾರಿ, ಅಂದರೆ ಆ ಕಾಯಿಲೆ ಎಂದಷ್ಟೇ ಹೇಳುತ್ತಾರೆ. ಉರ್ದುವಿನಲ್ಲಿ ಅದಕ್ಕೆ ಸರ್ತಾನ್ ಎಂಬ ಹೆಸರಿದೆ, ಆ ಪದಕ್ಕೆ ಏಡಿ ಎಂಬ ಅರ್ಥವೂ ಇದೆ. ಕನ್ನಡದಲ್ಲಿಯೂ ಏಡಿಗಂತಿ ಎಂಬ ಪದವಿದೆ. ಹೆಸರು ಎಲ್ಲ ಭಾಷೆಯಲ್ಲೂ ಇದೆ, ಹೇಳುವವರು ಕಡಿಮೆ. ಹೀಗೆ ಹೇಳಲು ನಾಚುವ ಕಾಯಿಲೆಯನ್ನೇ ಒಬ್ಬ ಹೆಣ್ಣುಮಗಳು ತನ್ನ ಜೀವನದ ಕೆಲಸವಾಗಿ ಮಾಡಿಕೊಂಡರು.

ಕಮಲ್ ಹುಟ್ಟಿದ್ದು 1917ರ ನವೆಂಬರ್ 8ರಂದು ಪುಣೆಯಲ್ಲಿ. ತಂದೆ ದಿನಕರ ಸಮರ್ಥ ಅವರು ಫರ್ಗ್ಯುಸನ್ ಕಾಲೇಜಿನಲ್ಲಿ ಜೀವಶಾಸ್ತ್ರದ ಅಧ್ಯಾಪಕರು. ಮಕ್ಕಳೆಲ್ಲ ಚೆನ್ನಾಗಿ ಓದಬೇಕು ಎಂಬುದು ಅವರ ಹಟ. ಕಮಲ್ ಹುಜೂರ್‌ಪಾಗಾದ ಹೆಣ್ಣುಮಕ್ಕಳ ಶಾಲೆಯಲ್ಲಿ ಓದಿ ಮುಂದೆ ಬಂದರು. ಮಗಳು ಡಾಕ್ಟರ್ ಆಗಲಿ, ಡಾಕ್ಟರನ್ನೇ ಮದುವೆಯಾಗಲಿ ಎಂದು ತಂದೆಗೆ ಆಸೆ ಇತ್ತು. ಎರಡೂ ಆಗಲಿಲ್ಲ. ಕಮಲ್ ಫರ್ಗ್ಯುಸನ್ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಮತ್ತು ಪ್ರಾಣಿಶಾಸ್ತ್ರ ಓದಿದರು. 1939ರಲ್ಲಿ ಗಣಿತಜ್ಞ ಜೆ.ಟಿ. ರಣದಿವೆ ಅವರನ್ನು ಮದುವೆಯಾದರು. ಆಗ ಅವರಿಗೆ 21 ವರ್ಷ.

ಮದುವೆಯ ನಂತರ ಓದು ನಿಲ್ಲಲಿಲ್ಲ ಎಂಬುದನ್ನು ಗೆಳತಿಯರು ಗಮನಿಸಬೇಕು. 1943ರಲ್ಲಿ ಅವರು ಪುಣೆಯ ಕೃಷಿ ಕಾಲೇಜಿನ ಮೂಲಕ ಸ್ನಾತಕೋತ್ತರ ಪದವಿ ಪಡೆದರು. ಅಲ್ಲಿ ಅವರ ವಿಷಯ ಸೀತಾಫಲ, ರಾಮಫಲಗಳ ಕುಟುಂಬಕ್ಕೆ ಸೇರಿದ ಗಿಡಗಳ ವರ್ಣತಂತುಗಳು. ಪತಿ ಅವರ ಓದಿಗೆ ನೆರವಾದರು. ಮುಂಬೈಗೆ ಬಂದ ಮೇಲೆ ಟಾಟಾ ಸ್ಮಾರಕ ಆಸ್ಪತ್ರೆಯಲ್ಲಿ ಕೆಲಸ ಸಿಕ್ಕಿತು. 1941ರಲ್ಲಿ ಆರಂಭವಾದ ಈ ಆಸ್ಪತ್ರೆಯ ಪ್ರಯೋಗಾಲಯದ ಹೊಣೆ ಹೊತ್ತಿದ್ದವರು ಡಾ. ವಿ.ಆರ್. ಖಾನೋಲ್ಕರ್. ಭಾರತದಲ್ಲಿ ರೋಗಶಾಸ್ತ್ರದ ಸಂಶೋಧನೆಗೆ ಬುನಾದಿ ಹಾಕಿದವರೆಂದು ಅವರನ್ನು ಇಂದಿಗೂ ಗೌರವಿಸುತ್ತಾರೆ. ಗಿಡಗಳ ಜೀವಕೋಶ ನೋಡುತ್ತಿದ್ದ ಕಮಲ್ ಅವರನ್ನು ಕ್ಯಾನ್ಸರ್ ಕಡೆಗೆ ತಿರುಗಿಸಿದ ಗುರು ಅವರೇ.

ಗುರು ಶಿಷ್ಯೆ ಇಬ್ಬರೂ ಇಲಿಗಳ ಮೇಲೆ ಕೆಲಸ ಮಾಡಿದರು. ಕೆಲವು ತಳಿಯ ಇಲಿಗಳಿಗೆ ಸ್ತನ ಕ್ಯಾನ್ಸರ್ ಹೆಚ್ಚು, ಕೆಲವು ತಳಿಗಳಿಗೆ ತೀರಾ ಕಡಿಮೆ. ರೋಗ ಬರುವ ಮೊದಲೇ, ಆರೋಗ್ಯವಾಗಿರುವಾಗಲೇ ಈ ತಳಿಗಳ ಸ್ತನಗ್ರಂಥಿಗಳಲ್ಲಿ ಏನಾದರೂ ವ್ಯತ್ಯಾಸ ಇದೆಯೇ ಎಂದು ಅವರು ಹೋಲಿಸಿ ನೋಡಿದರು. ಅದಕ್ಕೂ ಮೊದಲು, 1936ರಲ್ಲಿ, ಅಮೆರಿಕದ ಜಾನ್ ಬಿಟ್ನರ್ ಎಂಬ ವಿಜ್ಞಾನಿ ಒಂದು ವಿಷಯ ತೋರಿಸಿದ್ದರು. ಕ್ಯಾನ್ಸರ್ ಹೆಚ್ಚಿರುವ ತಳಿಯ ಮರಿಗಳಿಗೆ ಬೇರೆ ತಳಿಯ ತಾಯಿಯ ಹಾಲು ಕುಡಿಸಿದರೆ ಅವುಗಳಿಗೆ ಕ್ಯಾನ್ಸರ್ ಬರುವುದು ಕಡಿಮೆಯಾಗುತ್ತಿತ್ತು. ಇಲಿಯ ಹಾಲಿನಲ್ಲಿ ವೈರಸ್ ಇರುವುದು ಮುಂದೆ ಗೊತ್ತಾಯಿತು. ಇದನ್ನು ಓದಿ ಯಾರೂ ಹೆದರಬಾರದು. ಇದು ಇಲಿಗಳ ಮಾತು. ಮನುಷ್ಯರಲ್ಲಿ ಮಗುವಿಗೆ ಎದೆಹಾಲು ಕೊಟ್ಟ ತಾಯಂದಿರಿಗೆ ಸ್ತನ ಕ್ಯಾನ್ಸರ್ ಬರುವ ಸಾಧ್ಯತೆ ಕಡಿಮೆಯೇ ಆಗುತ್ತದೆ.

1949ರಲ್ಲಿ ಕಮಲ್ ರಣದಿವೆ ಅವರಿಗೆ ಬಾಂಬೆ ವಿಶ್ವವಿದ್ಯಾಲಯದಿಂದ ಪಿಎಚ್.ಡಿ. ಬಂತು. ಇಷ್ಟಕ್ಕೇ ಸಾಕು ಎಂದು ಖಾನೋಲ್ಕರ್ ಬಿಡಲಿಲ್ಲ. ವಿದೇಶದಲ್ಲಿ ಕಲಿಯಲು ಫೆಲೋಶಿಪ್‌ಗೆ ಅರ್ಜಿ ಹಾಕುವಂತೆ ಪ್ರೋತ್ಸಾಹಿಸಿದರು. ಹಾಗೆ ಅವರು ಅಮೆರಿಕದ ಬಾಲ್ಟಿಮೋರ್ ನಗರದ ಜಾನ್ಸ್ ಹಾಪ್ಕಿನ್ಸ್‌ಗೆ, ಜಾರ್ಜ್ ಗೈ ಅವರ ಪ್ರಯೋಗಾಲಯಕ್ಕೆ ಹೋದರು. 1951ರಲ್ಲಿ ಹೆನ್ರಿಯೆಟಾ ಲ್ಯಾಕ್ಸ್ ಎಂಬ ರೋಗಿಯ ಜೀವಕೋಶಗಳನ್ನು, ಆಕೆಯ ಅನುಮತಿ ಕೇಳದೆಯೇ, ದೇಹದ ಹೊರಗೆ ಬೆಳೆಸಿದ್ದು ಇದೇ ಪ್ರಯೋಗಾಲಯ. ಆ ಜೀವಕೋಶಗಳು ಹೀಲಾ ಎಂಬ ಹೆಸರಿನಲ್ಲಿ ಇಂದಿಗೂ ಜಗತ್ತಿನ ಪ್ರಯೋಗಾಲಯಗಳಲ್ಲಿ ಬೆಳೆಯುತ್ತಿವೆ. ಇಲ್ಲಿ ರಣದಿವೆ ಕಲಿತದ್ದು ಅಂಗಾಂಶ ಕೃಷಿ, ಅಂದರೆ ಜೀವಕೋಶಗಳನ್ನು ಗಾಜಿನ ಪಾತ್ರೆಯಲ್ಲಿ ಜೀವಂತ ಇಡುವ ವಿದ್ಯೆ.

ಕಲಿತ ಮೇಲೆ ಅವರು ಮುಂಬೈಗೆ ಮರಳಿದರು. ಅವರ ಜೀವನದಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಅಲ್ಲಿಂದ ಮುಂದಿನ ಕೆಲಸ. 1952ರಲ್ಲಿ ಸರ್ಕಾರ ಖಾನೋಲ್ಕರ್ ಅವರ ನೇತೃತ್ವದಲ್ಲಿ ಭಾರತೀಯ ಕ್ಯಾನ್ಸರ್ ಸಂಶೋಧನಾ ಕೇಂದ್ರವನ್ನು ಸ್ಥಾಪಿಸಿತ್ತು. ಅಲ್ಲಿ ರಣದಿವೆ ಪ್ರಾಯೋಗಿಕ ಜೀವಶಾಸ್ತ್ರದ ವಿಭಾಗವನ್ನೂ ಅಂಗಾಂಶ ಕೃಷಿಯ ಪ್ರಯೋಗಾಲಯವನ್ನೂ ಕಟ್ಟಿದರು. ಜೀವಕೋಶ ಬದುಕಬೇಕಾದರೆ ದೇಹದಷ್ಟೇ ಶಾಖ ಬೇಕು, ಉಪ್ಪು, ಸಕ್ಕರೆ, ಅಮೈನೋ ಆಮ್ಲಗಳು ಸರಿಯಾದ ಅಳತೆಯಲ್ಲಿ ಇರುವ ಪೋಷಕ ದ್ರಾವಣ ಬೇಕು. ಒಂದು ಚೂರು ಬೂಷ್ಟು ಸೇರಿದರೂ ವಾರಗಳ ಕೆಲಸ ಹಾಳು. 1960ರ ದಶಕದ ಆರಂಭದಲ್ಲಿ ಅವರು ಜೀವಶಾಸ್ತ್ರ ಮತ್ತು ರಸಾಯನಶಾಸ್ತ್ರ ಓದಿ ಬಂದ ತಮ್ಮ ಸಹಾಯಕರನ್ನು ಸೇರಿಸಿಕೊಂಡು ಈ ದ್ರಾವಣಗಳನ್ನು ಇಲ್ಲಿಯೇ ತಯಾರಿಸಿದರು. ಇಂಥ ಕೆಲಸ ಪುಸ್ತಕ ಓದಿ ಬರುವುದಿಲ್ಲ. ಹಿರಿಯರ ಪಕ್ಕದಲ್ಲಿ ನಿಂತು, ನೋಡಿ, ಕೆಡಿಸಿ, ಮತ್ತೆ ಮಾಡಿ ಕಲಿಯಬೇಕು. ಬಾಲ್ಟಿಮೋರ್‌ನಲ್ಲಿ ತಾವು ಕಲಿತದ್ದನ್ನು ಮುಂದಿನವರು ಮುಂಬೈಯಲ್ಲೇ ಕಲಿಯುವಂತೆ ಅವರು ಮಾಡಿದರು.

ಇಲಿಗಳ ಉದಾಹರಣೆಯನ್ನೇ ನೋಡಿ. ಒಂದು ಶುದ್ಧ ತಳಿ ಸಿದ್ಧವಾಗಬೇಕಾದರೆ ಒಂದೇ ಸಂತತಿಯ ಇಲಿಗಳನ್ನು ಕನಿಷ್ಠ 20 ತಲೆಮಾರು ಕೂಡಿಸಬೇಕು. ಅದಕ್ಕೆ ವರ್ಷಗಟ್ಟಲೆ ಹಿಡಿಯುತ್ತದೆ. ಒಬ್ಬ ವಿದ್ಯಾರ್ಥಿ ಪಿಎಚ್.ಡಿ. ಮುಗಿಸಿ ಹೋಗುವಷ್ಟರಲ್ಲಿ ಆ ಕೆಲಸ ಮುಗಿಯದೆಯೂ ಇರಬಹುದು. ಆಗ ಮುಂದಿನ ವಿದ್ಯಾರ್ಥಿ ಅಲ್ಲಿಂದಲೇ ಶುರು ಮಾಡಬೇಕು. ಆ ಕೇಂದ್ರದ ಹೆಸರಿನಲ್ಲೇ ಐಸಿಆರ್‌ಸಿ ಎಂಬ ಇಲಿ ತಳಿ ಇದೆ, ಅದರಲ್ಲಿ ಸ್ತನ ಕ್ಯಾನ್ಸರ್ ತಾನಾಗಿಯೇ ಕಾಣಿಸಿಕೊಳ್ಳುತ್ತದೆ. ಇಂಥ ತಳಿಗಳನ್ನು ಇಟ್ಟುಕೊಂಡು ರಣದಿವೆ ಮತ್ತು ಅವರ ಬಳಗ ಹಾರ್ಮೋನು, ವೈರಸ್, ಅನುವಂಶೀಯತೆ ಈ ಮೂರಕ್ಕೂ ರೋಗಕ್ಕೂ ಇರುವ ಸಂಬಂಧವನ್ನು ಹುಡುಕಿದರು. ಸ್ತನ ಕ್ಯಾನ್ಸರ್‌ಗೂ ಅನುವಂಶೀಯತೆಗೂ ನಂಟಿದೆ ಎಂದು ನಮ್ಮ ದೇಶದಲ್ಲಿ ಮೊದಲು ಸೂಚಿಸಿದವರಲ್ಲಿ ಅವರೂ ಒಬ್ಬರು. ಬಿಆರ್‌ಸಿಎ ಎಂಬ ಎರಡು ಜೀನ್‌ಗಳು 1994 ಮತ್ತು 1995ರಲ್ಲಿ ಪತ್ತೆಯಾದ ಮೇಲೆ ಈ ನಂಟು ಜಗತ್ತಿಗೆಲ್ಲ ಸ್ಪಷ್ಟವಾಯಿತು.

1966ರಿಂದ 1970ರವರೆಗೆ ಅವರು ಸಂಸ್ಥೆಯ ನಿರ್ದೇಶಕಿಯ ಹೊಣೆ ನಿರ್ವಹಿಸಿದರು. ಕ್ಯಾನ್ಸರ್ ಹುಟ್ಟುವ ಬಗೆ, ಜೀವಕೋಶ ಮತ್ತು ರೋಗನಿರೋಧಕ ಶಕ್ತಿ ಕುರಿತು ಹೊಸ ವಿಭಾಗಗಳನ್ನು ತೆರೆದರು. ಕುಷ್ಠರೋಗದ ಬ್ಯಾಕ್ಟೀರಿಯಾ ಕುರಿತು ಅವರು ನಡೆಸಿದ ಸಂಶೋಧನೆ ಮುಂದೆ ಲಸಿಕೆಯೊಂದಕ್ಕೆ ದಾರಿ ಮಾಡಿತು. ಕ್ಯಾನ್ಸರ್ ಮತ್ತು ಕುಷ್ಠರೋಗದ ಮೇಲೆ ಅವರು 200ಕ್ಕೂ ಹೆಚ್ಚು ಸಂಶೋಧನಾ ಲೇಖನಗಳನ್ನು ಪ್ರಕಟಿಸಿದರು. 1982ರಲ್ಲಿ ಪದ್ಮಭೂಷಣ ಬಂತು. 1973ರಲ್ಲಿ 11 ಸಹೋದ್ಯೋಗಿಗಳ ಜೊತೆ ಭಾರತೀಯ ಮಹಿಳಾ ವಿಜ್ಞಾನಿಗಳ ಸಂಘವನ್ನು ಸ್ಥಾಪಿಸಿದರು. ಆ ಸಂಘ ನವಿ ಮುಂಬೈಯ ವಾಶಿಯಲ್ಲಿ ಮಹಿಳೆಯರ ಹಾಸ್ಟೆಲ್ ಮತ್ತು ಶಿಶುವಿಹಾರವನ್ನೂ ನಡೆಸುತ್ತದೆ. ವಿಜ್ಞಾನಿಗಳ ಸಂಘಕ್ಕೆ ಶಿಶುವಿಹಾರ ಯಾಕೆ ಎಂದು ಮೊದಲು ನನಗೂ ಅನ್ನಿಸಿತು. ಮಗುವನ್ನು ನೋಡಿಕೊಳ್ಳುವವರು ಇಲ್ಲದಿದ್ದರೆ ತಾಯಿಯಾದ ಸಂಶೋಧಕಿ ಪ್ರಯೋಗಾಲಯಕ್ಕೆ ಹೋಗುವುದು ಹೇಗೆ? ಅವರಿಗೂ ಒಬ್ಬ ಮಗನಿದ್ದ. ನಿವೃತ್ತಿಯ ನಂತರ ಮಹಾರಾಷ್ಟ್ರದ ಅಹ್ಮದ್‌ನಗರ ಜಿಲ್ಲೆಯ ಹಳ್ಳಿಗಳಲ್ಲಿ ಬುಡಕಟ್ಟು ಮಕ್ಕಳ ಪೋಷಣೆ, ಮಹಿಳೆಯರ ಆರೋಗ್ಯಕ್ಕಾಗಿ ದುಡಿದರು. 2001ರಲ್ಲಿ ತೀರಿಕೊಂಡರು. ನಾವು ಯಾರೂ ಆಗ ಹುಟ್ಟಿರಲಿಲ್ಲ. 2008ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಅಕಾಡೆಮಿ ಹೊರತಂದ ಮಹಿಳಾ ವಿಜ್ಞಾನಿಗಳ ಪುಸ್ತಕದಲ್ಲಿ ಅವರ ಪರಿಚಯವೂ ಇದೆ.

ಈಗ ನಮ್ಮ ಅಕೌಂಟೆನ್ಸಿಯ ಲೆಕ್ಕಕ್ಕೆ ಬರುತ್ತೇನೆ. ಪ್ರಯೋಗಾಲಯಕ್ಕೆ ಒಂದು ಯಂತ್ರ ಕೊಂಡರೆ ಅದು ಆಸ್ತಿ, ಬ್ಯಾಲೆನ್ಸ್ ಶೀಟ್‌ನಲ್ಲಿ ಬರುತ್ತದೆ, ವರ್ಷ ವರ್ಷ ಅದರ ಬೆಲೆಯಲ್ಲಿ ಸವಕಳಿ ಕಳೆಯುತ್ತೇವೆ. ಒಬ್ಬ ವಿದ್ಯಾರ್ಥಿಯ ತರಬೇತಿಗೆ ಖರ್ಚು ಮಾಡಿದರೆ ಅದು ಆ ವರ್ಷದ ಖರ್ಚು, ಮಾರ್ಚ್ 31ಕ್ಕೆ ಮುಗಿಯಿತು. ರಣದಿವೆ ಅವರ ಕಾಲದ ಯಂತ್ರಗಳು ಈಗ ಗುಜರಿ ಸೇರಿರಬೇಕು. ಅವರ ಕೈಕೆಳಗೆ ಕಲಿತವರು ಮಾತ್ರ ತಾವೂ ಹಿರಿಯ ಸಂಶೋಧಕರಾಗಿ ಬೇರೆಯವರಿಗೆ ಕಲಿಸಿದರು. ಬೆಲೆ ಏರುತ್ತಲೇ ಹೋಗುವ ಈ ಆಸ್ತಿಯನ್ನು ಯಾವ ಕಾಲಂನಲ್ಲಿ ಬರೆಯಬೇಕೆಂದು ನಮ್ಮ ಪಠ್ಯಪುಸ್ತಕ ಹೇಳುವುದಿಲ್ಲ.

ನಮ್ಮ ಸೈನ್ಸ್ ವಿಭಾಗದ ಗೆಳತಿಯರಿಗಾಗಿ ಇನ್ನೊಂದು ಲೆಕ್ಕ ಹಾಕಿದ್ದೇನೆ. ಪಿಯುಸಿ ನಂತರ ಬಿ.ಎಸ್ಸಿ.ಗೆ ಮೂರು ವರ್ಷ, ಎಂ.ಎಸ್ಸಿ.ಗೆ ಎರಡು ವರ್ಷ, ಪಿಎಚ್.ಡಿ.ಗೆ ಸುಮಾರು ಐದು ವರ್ಷ. ಒಟ್ಟು ಹತ್ತು ವರ್ಷ. ನೆಟ್ ಪರೀಕ್ಷೆಯಲ್ಲಿ ಜೂನಿಯರ್ ರಿಸರ್ಚ್ ಫೆಲೋಶಿಪ್ ಸಿಕ್ಕರೆ ಪಿಎಚ್.ಡಿ.ಯ ಮೊದಲೆರಡು ವರ್ಷ ತಿಂಗಳಿಗೆ 37,000 ರೂಪಾಯಿ ಬರುತ್ತದೆ, ನಂತರ ಅದು 42,000 ಆಗುತ್ತದೆ. 2023ರಿಂದ ಈ ದರ ಇದೆ. ಸಂಶೋಧನೆ ಮಾಡುವ ವಿದ್ಯಾರ್ಥಿಗೆ ಸರ್ಕಾರವೇ ಹಣ ಕೊಡುತ್ತದೆ ಎಂಬುದು ನಮ್ಮ ಎಷ್ಟೋ ತಂದೆತಾಯಿಯರಿಗೆ ಗೊತ್ತಿಲ್ಲ. ರಣದಿವೆ ಕೆಲಸ ಮಾಡಿದ ಸಂಸ್ಥೆ ಈಗ ನವಿ ಮುಂಬೈಯ ಖಾರ್ಘರ್‌ನಲ್ಲಿ ಆ್ಯಕ್ಟ್ರೆಕ್ ಎಂಬ ಹೆಸರಿನಲ್ಲಿದೆ, ಅಲ್ಲಿ ಇಂದಿಗೂ ಕ್ಯಾನ್ಸರ್ ವಿಷಯದಲ್ಲಿ ಪಿಎಚ್.ಡಿ. ಮಾಡಬಹುದು.

ಹಣಕ್ಕಿಂತ ಕಷ್ಟದ್ದು ಆ ಹತ್ತು ವರ್ಷ. ಸೆಕೆಂಡ್ ಪಿಯುಸಿ ಮುಗಿಯುವ ಮೊದಲೇ ನಮ್ಮಲ್ಲಿ ಅನೇಕರ ಮನೆಗೆ ರಿಶ್ತೆ ಬರಲು ಶುರುವಾಗುತ್ತದೆ. ಅಮ್ಮಿ, ಅಬ್ಬಾಗೆ ನಮ್ಮ ಮೇಲೆ ಪ್ರೀತಿ ಇಲ್ಲ ಎಂದಲ್ಲ, ಅವರಿಗೆ ಹತ್ತು ವರ್ಷ ಎಂಬ ಮಾತೇ ಭಯ ಹುಟ್ಟಿಸುತ್ತದೆ. 1939ರ ಮದುವೆಯಿಂದ 1949ರ ಪಿಎಚ್.ಡಿ.ವರೆಗೆ ಕಮಲ್ ರಣದಿವೆ ಅವರಿಗೂ ಸರಿಯಾಗಿ ಹತ್ತೇ ವರ್ಷ ಹಿಡಿಯಿತು. ತಂದೆ ತಮ್ಮ ಆಸೆಯನ್ನು ಬದಿಗಿಟ್ಟರು, ಪತಿ ಜೊತೆಗೆ ನಿಂತರು, ಗುರು ಮುಂದೆ ಕಳಿಸಿದರು. ತಮಗೆ ಸಿಕ್ಕ ಆ ಹತ್ತು ವರ್ಷವನ್ನು ಅವರು ಮುಂದೆ ಎಷ್ಟೋ ವಿದ್ಯಾರ್ಥಿಗಳಿಗೆ ಹಂಚಿದರು. ಈ ಲೇಖನವನ್ನು ಮನೆಗೆ ಒಯ್ದು, ಕನ್ನಡ ಓದಲು ಬಾರದ ಅಮ್ಮಿಗೆ ಉರ್ದುವಿನಲ್ಲಿ ಹೇಳಿ. ಹೇಳುವಾಗ ಕಾಯಿಲೆಯ ಹೆಸರನ್ನೂ ಹೇಳಿ.