ಸಣ್ಣ ಪಾತ್ರಗಳ ದೊಡ್ಡ ನಟ ಮಾರ್ಸೆಲ್ ದಾಲಿಯೊ

ನಾನು ಈ ಶಾಲೆಯ ಹಳೆಯ ವಿದ್ಯಾರ್ಥಿ. ವಾರ್ಷಿಕೋತ್ಸವದ ನಾಟಕದಲ್ಲಿ ಮೂರು ವರ್ಷವೂ ನನಗೆ ಸಿಕ್ಕಿದ್ದು ದ್ವಾರಪಾಲಕನ ಪಾತ್ರ. ರಾಜ ಬಂದಾಗ ಈಟಿ ಹಿಡಿದು ತಲೆಬಾಗುವುದಷ್ಟೇ ಕೆಲಸ. ಬಹಳ ಬೇಸರವಾಗುತ್ತಿತ್ತು. ಮುಂದೆ ನೌಕರಿಗೆ ಸೇರಿ, ಫಿಲಂ ಸೊಸೈಟಿಯಲ್ಲಿ ಹಳೆಯ ಚಿತ್ರಗಳನ್ನು ನೋಡತೊಡಗಿದಾಗ ಮಾರ್ಸೆಲ್ ದಾಲಿಯೊ ಎಂಬ ಫ್ರೆಂಚ್ ನಟರನ್ನು ಕಂಡೆ. ನಾಯಕನ ಪಕ್ಕದಲ್ಲಿ ನಿಂತವನನ್ನೂ ನೋಡಬೇಕೆಂದು ನನಗೆ ಕಲಿಸಿದವರು ಅವರು. ಅವರ ಕಥೆಯನ್ನು ನಮ್ಮ ಶಾಲೆಯ ಮಕ್ಕಳಿಗೆ ಹೇಳಬೇಕೆನಿಸಿ ಇದನ್ನು ಬರೆಯುತ್ತಿದ್ದೇನೆ.

ದಾಲಿಯೊ 1899ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿದರು. ತಂದೆ ತಾಯಿ ರೊಮೇನಿಯಾದಿಂದ ವಲಸೆ ಬಂದ ಯಹೂದಿಗಳು. ರಂಗಭೂಮಿಯಲ್ಲಿ ಪಳಗಿ, 1930ರ ದಶಕದಲ್ಲಿ ಸಿನಿಮಾಕ್ಕೆ ಬಂದರು. ಕುಳ್ಳು ದೇಹ, ದೊಡ್ಡ ಕಣ್ಣು, ಗುಂಗುರು ಕೂದಲು. ಅಂಥವರಿಗೆ ಸಿಗುತ್ತಿದ್ದುದು ಮೋಸಗಾರ, ಚಾಡಿಕೋರನಂಥ ಪಾತ್ರಗಳೇ. 1937ರ ‘ಪೆಪೆ ಲ ಮೊಕೊ’ದಲ್ಲಿ ಅವರು ಪೊಲೀಸರಿಗೆ ಸುಳಿವು ಕೊಡುವವನು.

ಅದೇ ವರ್ಷ ನಿರ್ದೇಶಕ ಜಾನ್ ರೆನ್ವಾರ್ ‘ಲಾ ಗ್ರಾಂದ್ ಇಲ್ಯೂಸಿಯೊಂ’ ಚಿತ್ರದಲ್ಲಿ ಅವರಿಗೆ ರೊಸೆಂಥಾಲ್ ಎಂಬ ಯಹೂದಿ ಅಧಿಕಾರಿಯ ಪಾತ್ರ ಕೊಟ್ಟರು. ಜರ್ಮನರ ಸೆರೆಯಲ್ಲಿದ್ದು, ಮನೆಯಿಂದ ಬಂದ ತಿಂಡಿಯನ್ನು ಜೊತೆಯವರಿಗೆಲ್ಲ ಹಂಚುವವನು ಅವನು. 1939ರಲ್ಲಿ ರೆನ್ವಾರ್ ಅವರದೇ ‘ದಿ ರೂಲ್ಸ್ ಆಫ್ ದಿ ಗೇಮ್’ನಲ್ಲಿ ಶ್ರೀಮಂತ ಜಮೀನ್ದಾರನ ಮುಖ್ಯ ಪಾತ್ರವೇ ಒಲಿಯಿತು. ತಾನು ಕೊಂಡ ದೊಡ್ಡ ವಾದ್ಯಯಂತ್ರವನ್ನು ಅತಿಥಿಗಳಿಗೆ ತೋರಿಸುವಾಗ ಅವನ ಮುಖದಲ್ಲಿ ಹೆಮ್ಮೆ, ಸಂಕೋಚ ಎರಡೂ ಒಟ್ಟಿಗೆ ಮೂಡುತ್ತವೆ. ಇಂದಿಗೂ ಅದು ನನ್ನ ಕಣ್ಣಿಗೆ ಕಟ್ಟಿದಂತಿದೆ. ಆದರೆ ಪ್ರೇಕ್ಷಕರು ಚಿತ್ರವನ್ನು ಧಿಕ್ಕರಿಸಿದರು. ಕೆಲವೇ ತಿಂಗಳಲ್ಲಿ ಸರ್ಕಾರ ಅದನ್ನು ನಿಷೇಧಿಸಿತು.

1940ರ ಜೂನ್‌ನಲ್ಲಿ ಜರ್ಮನ್ ಸೇನೆ ಪ್ಯಾರಿಸ್ ಹೊಕ್ಕಿತು. ದಾಲಿಯೊ ಅಷ್ಟರಲ್ಲೇ ತಮ್ಮ ಪತ್ನಿ, ನಟಿ ಮ್ಯಾಡಲಿನ್ ಲಬೋ ಜೊತೆ ಊರು ಬಿಟ್ಟಿದ್ದರು. ಲಿಸ್ಬನ್ ತಲುಪಿ ಹಡಗು ಹತ್ತಿದರು. ದುಡ್ಡು ಕೊಟ್ಟು ಪಡೆದಿದ್ದ ಚಿಲಿ ದೇಶದ ವೀಸಾ ನಕಲಿಯೆಂದು ಮೆಕ್ಸಿಕೊದಲ್ಲಿ ಗೊತ್ತಾಯಿತು. ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ದೊರೆತು ಅಮೆರಿಕ ಸೇರಿದರು. ಇತ್ತ ಪ್ಯಾರಿಸ್‌ನಲ್ಲಿ ನಾಜಿಗಳು ಅವರ ಭಾವಚಿತ್ರವನ್ನೇ ಭಿತ್ತಿಪತ್ರದಲ್ಲಿ ಅಚ್ಚು ಹಾಕಿಸಿ, ಯಹೂದಿಯ ಮುಖವೆಂದರೆ ಇದು ಎಂದು ಜನರಿಗೆ ತೋರಿಸಿದರು. ಅವರ ಬಂಧುಗಳು ನಾಜಿ ಶಿಬಿರಗಳಲ್ಲಿ ಪ್ರಾಣ ಕಳೆದುಕೊಂಡರು.

ತಾಯ್ನಾಡಿನಲ್ಲಿ ಮುಖ್ಯ ಪಾತ್ರದವರೆಗೆ ಏರಿದ್ದವರು ಹಾಲಿವುಡ್‌ನಲ್ಲಿ ಮತ್ತೆ ಮೊದಲಿನಿಂದ ಶುರುಮಾಡಬೇಕಾಯಿತು. 1942ರ ‘ಕಾಸಾಬ್ಲಾಂಕಾ’ ಚಿತ್ರದಲ್ಲೊಂದು ದೃಶ್ಯವಿದೆ. ಪೊಲೀಸ್ ಅಧಿಕಾರಿಯೊಬ್ಬ, ಇಲ್ಲಿ ಜೂಜು ನಡೆಯುತ್ತಿದೆಯೇ ಎಂದು ಗಾಬರಿ ನಟಿಸಿ ಹೋಟೆಲನ್ನು ಮುಚ್ಚಿಸುತ್ತಾನೆ. ಅದೇ ಕ್ಷಣ ಜೂಜಿನ ಮೇಜಿನ ನೌಕರ ಬಂದು, ಆ ಅಧಿಕಾರಿಯೇ ಗೆದ್ದ ಹಣವನ್ನು ವಿನಯದಿಂದ ಅವನ ಕೈಗಿಡುತ್ತಾನೆ. ಆ ನೌಕರನೇ ದಾಲಿಯೊ. ಚಿತ್ರದ ಹೆಸರುಪಟ್ಟಿಯಲ್ಲಿ ಅವರ ಹೆಸರೇ ಇಲ್ಲ. ಆದರೆ ಅವರಿಲ್ಲದಿದ್ದರೆ ಆ ದೃಶ್ಯದ ನಗು ಹುಟ್ಟುತ್ತಿರಲಿಲ್ಲ.

ಯುದ್ಧ ಮುಗಿದ ಮೇಲೆ ಅವರು ಫ್ರಾನ್ಸ್‌ಗೆ ಮರಳಿದರು. ಎರಡೂ ದೇಶಗಳ ಚಿತ್ರಗಳಲ್ಲಿ ಸಿಕ್ಕ ಪಾತ್ರ ಮಾಡುತ್ತ ಬಂದರು. 1973ರಲ್ಲಿ, ಎಪ್ಪತ್ತು ದಾಟಿದ ಮೇಲೆ, ‘ರಬ್ಬಿ ಜಾಕೋಬ್’ ಎಂಬ ಹಾಸ್ಯಚಿತ್ರದಲ್ಲಿ ಯಹೂದಿ ಧರ್ಮಗುರುವಾದರು. ಒಮ್ಮೆ ದ್ವೇಷದ ಗುರುತಾಗಿ ಗೋಡೆಗೆ ಅಂಟಿಸಿದ್ದ ಅದೇ ಮುಖವನ್ನು ನೋಡಿ ಫ್ರಾನ್ಸಿನ ಜನ ಪ್ರೀತಿಯಿಂದ ನಕ್ಕರು. 1983ರಲ್ಲಿ ಪ್ಯಾರಿಸ್‌ನಲ್ಲೇ ಅವರು ತೀರಿಕೊಂಡರು.

ಸುವರ್ಣ ಮಹೋತ್ಸವದ ನಾಟಕದಲ್ಲೂ ಯಾರೋ ಒಬ್ಬ ಹುಡುಗ ಈಟಿ ಹಿಡಿದು ನಿಲ್ಲುತ್ತಾನೆ. ಮಗು, ನೆಟ್ಟಗೆ ನಿಲ್ಲು. ನಾನು ಮುಂದಿನ ಸಾಲಿನಲ್ಲಿ ಕುಳಿತು ನಿನ್ನನ್ನೇ ನೋಡುತ್ತಿರುತ್ತೇನೆ.