ಅಡ್ಡಹೆಸರಿಲ್ಲದ ಡಾಕ್ಟರ್ ರುಖ್ಮಾಬಾಯಿ

ಮಹಾರಾಷ್ಟ್ರಕ್ಕೆ ಕೆಲಸಕ್ಕೆ ಬಂದ ಕನ್ನಡಿಗರನ್ನು ಮರಾಠಿ ಭಾಷೆಗಿಂತ ಮೊದಲು ಕಾಡುವುದು ಅರ್ಜಿ ನಮೂನೆ. ಬ್ಯಾಂಕಿಗೆ ಹೋಗಿ, ಗ್ಯಾಸ್ ಏಜೆನ್ಸಿಗೆ ಹೋಗಿ, ಮಕ್ಕಳ ಶಾಲೆಗೆ ಹೋಗಿ, ಎಲ್ಲೆಡೆ ಅವೇ ಮೂರು ಖಾನೆಗಳು: ನಾವ್, ಮಧಲೆ ನಾವ್, ಆಡನಾವ್. ಬೆಳಗಾವಿ, ಧಾರವಾಡ, ವಿಜಯಪುರದ ಕಡೆಯವರಿಗೆ ಅಡ್ಡಹೆಸರು ಹುಟ್ಟಿನಿಂದಲೇ ಬಂದಿರುತ್ತದೆ, ಅವರು ಪಾರಾಗುತ್ತಾರೆ. ಮೈಸೂರು, ಹಾಸನ, ತುಮಕೂರಿನಿಂದ ಬಂದವರು ಊರಿನ ಒಂದಕ್ಷರ, ಅಪ್ಪನ ಒಂದಕ್ಷರ ಹಿಡಿದುಕೊಂಡು ಯಾವ ಖಾನೆಗೆ ಯಾವುದನ್ನು ಹಾಕಬೇಕೆಂದು ತಲೆ ಕೆರೆದುಕೊಳ್ಳುತ್ತಾರೆ.

ಹೆಂಗಸರಿಗೆ ಈ ನಮೂನೆ ಇನ್ನೊಂದು ಲೆಕ್ಕ ಒಪ್ಪಿಸುತ್ತದೆ. ಮದುವೆಯಾಗುತ್ತಲೇ ನಡುವಿನ ಖಾನೆಯಲ್ಲಿದ್ದ ಅಪ್ಪ ಹೋಗಿ ಗಂಡ ಬರುತ್ತಾನೆ, ಕೊನೆಯ ಖಾನೆಗೆ ಗಂಡನ ಮನೆತನ ಬರುತ್ತದೆ. ಇದು ಇಲ್ಲಿನ ರೂಢಿಯೇ ಹೊರತು ಹಾಗೆ ಮಾಡಲೇಬೇಕೆನ್ನುವ ಕಾನೂನು ಯಾವುದೂ ಇಲ್ಲ. ಆದರೆ ಒಮ್ಮೆ ಬದಲಾದ ಹೆಸರನ್ನು, ಮದುವೆ ಮುರಿದ ಮೇಲೆ ಹಿಂದಕ್ಕೆ ತರುವುದಿದೆಯಲ್ಲ, ಅಲ್ಲಿ ಕಾನೂನು ಎಲ್ಲಿಂದಲೋ ಪ್ರತ್ಯಕ್ಷವಾಗುತ್ತದೆ. ಅಫಿಡವಿಟ್, ಪತ್ರಿಕೆಯಲ್ಲಿ ಜಾಹೀರಾತು, ಗೆಜೆಟ್, ವಿಚ್ಛೇದನದ ಡಿಕ್ರಿಯ ದೃಢೀಕೃತ ಪ್ರತಿ, ಆಮೇಲೆ ಆಧಾರ್, ಪ್ಯಾನ್, ಪಾಸ್‌ಪೋರ್ಟ್. ಆ ಪಾಸ್‌ಪೋರ್ಟಿನ ಪುಸ್ತಿಕೆ ಅಚ್ಚಾಗುವುದು ನಾವಿರುವ ಈ ನಾಸಿಕ್ ರೋಡ್‌ನ ಇಂಡಿಯಾ ಸೆಕ್ಯುರಿಟಿ ಪ್ರೆಸ್‌ನಲ್ಲಿ. ಅಫಿಡವಿಟ್ಟಿನ ಛಾಪಾ ಕಾಗದ ಅಚ್ಚಾಗುವುದೂ ಇಲ್ಲಿಯೇ. ದೇಶದ ಎಷ್ಟೋ ಜನರ ಹೆಸರು ಏರುವ ಕಾಗದ ಈ ಗೋಡೆಯ ಒಳಗಿಂದ ಹೊರಗೆ ಹೋಗುತ್ತದೆ.

ಈ ದಾರಿಯಲ್ಲಿ ಓಡಾಡುವಾಗಲೆಲ್ಲ ನನಗೆ ನೆನಪಾಗುವವರು ಡಾಕ್ಟರ್ ರುಖ್ಮಾಬಾಯಿ. ಮರಾಠಿಗರ ಬಾಯಲ್ಲಿ ರಖಮಾಬಾಯಿ. ವಿಚ್ಛೇದನ ಎಂಬ ಪದವೇ ಹಿಂದೂ ಕಾನೂನಿನಲ್ಲಿ ಇಲ್ಲದ ಕಾಲದಲ್ಲಿ, ತಾನು ಒಪ್ಪದ ಮದುವೆಯನ್ನು ಮದುವೆಯೆಂದು ಒಪ್ಪುವುದಿಲ್ಲವೆಂದು ಮುಂಬಯಿಯ ಹೈಕೋರ್ಟಿನಲ್ಲಿ ನಿಂತ ಹೆಣ್ಣುಮಗಳು.

ಹುಟ್ಟಿದ್ದು 1864ರ ನವೆಂಬರ್ 22ರಂದು, ಮುಂಬಯಿಯ ಸುತಾರ ಸಮುದಾಯದ ಮನೆಯಲ್ಲಿ. ತಂದೆ ಜನಾರ್ದನ ಪಾಂಡುರಂಗ, ತಾಯಿ ಜಯಂತಿಬಾಯಿ. ತಾಯಿಗೆ ಹದಿನೈದು ತುಂಬುವಾಗ ಮಗಳು ಕೈಯಲ್ಲಿದ್ದಳು, ಹದಿನೇಳಕ್ಕೆ ಹಣೆಯ ಕುಂಕುಮ ಹೋಗಿತ್ತು. ಆ ಸಮುದಾಯದಲ್ಲಿ ವಿಧವೆಯ ಮರುಮದುವೆಗೆ ಅಡ್ಡಿಯಿರಲಿಲ್ಲ, ನಮ್ಮ ಕಡೆ ಉಡಿಕೆ ಎನ್ನುತ್ತೇವಲ್ಲ ಹಾಗೆ. ಕೆಲವು ವರ್ಷಗಳ ನಂತರ ಜಯಂತಿಬಾಯಿ ಡಾ. ಸಖಾರಾಮ ಅರ್ಜುನ ಅವರನ್ನು ಮದುವೆಯಾದರು. ವೈದ್ಯರು, ಸಸ್ಯಶಾಸ್ತ್ರ ಬಲ್ಲವರು, ಸುಧಾರಕ ಮನಸ್ಸಿನವರು. ಮರುಮದುವೆಗೆ ಮೊದಲೇ ತಾಯಿ ತನ್ನ ಮೊದಲ ಗಂಡನ ಆಸ್ತಿಯನ್ನು ಮಗಳ ಹೆಸರಿಗೆ ಮಾಡಿದ್ದರು. ಈ ಆಸ್ತಿಯ ವಿಷಯ ಮುಂದೆ ಕೋರ್ಟಿನವರೆಗೂ ಬಂತು.

ಹನ್ನೊಂದನೇ ವಯಸ್ಸಿಗೆ ರುಖ್ಮಾಬಾಯಿಯ ಮದುವೆಯಾಯಿತು. ವರ ದಾದಾಜಿ ಭಿಕಾಜಿ, ಸಖಾರಾಮ ಅರ್ಜುನರ ಸಂಬಂಧಿಕ, ವಯಸ್ಸು ಹತ್ತೊಂಬತ್ತರ ಆಸುಪಾಸು. ಹುಡುಗ ಮನೆಅಳಿಯನಾಗಿ ಇದ್ದುಕೊಂಡು ಓದಿ ಮನುಷ್ಯನಾಗಲಿ ಎಂಬುದು ಮಾವನ ಮನೆಯವರ ಎಣಿಕೆ. ಹುಡುಗಿ ಮೈನೆರೆದಾಗ ಪ್ರಸ್ತಕ್ಕೆ ಅವಸರಿಸಿದವರಿದ್ದರು. ಮಲತಂದೆ ವೈದ್ಯರಾಗಿದ್ದರಿಂದ ಇಷ್ಟು ಎಳೆಯ ದೇಹಕ್ಕೆ ಅದು ಕೂಡದೆಂದು ತಡೆದರು. ದಾದಾಜಿ ಓದಲೂ ಇಲ್ಲ, ಮಾವನ ಮನೆಯಲ್ಲಿ ನಿಲ್ಲಲೂ ಇಲ್ಲ. ಸೋದರಮಾವನ ಮನೆ ಸೇರಿದ, ಕಾಯಿಲೆ ಬಿದ್ದ, ಸಾಲ ಮಾಡಿದ. ಹುಡುಗಿ ತವರಿನಲ್ಲೇ ಉಳಿದು, ಪಾದ್ರಿಗಳ ಗ್ರಂಥಾಲಯದಿಂದ ಪುಸ್ತಕ ತರಿಸಿಕೊಂಡು ಇಂಗ್ಲಿಷ್ ಕಲಿತಳು. ಆರ್ಯ ಮಹಿಳಾ ಸಮಾಜದ ಸಭೆಗಳಿಗೆ ಹೋಗತೊಡಗಿದಳು.

ಆ ಕಾಲದ ಇನ್ನಿಬ್ಬರು ಪ್ರಸಿದ್ಧ ಹೆಣ್ಣುಮಕ್ಕಳ ಹೆಸರಿನ ಕಥೆಯನ್ನು ಇಲ್ಲಿ ಹೇಳಬೇಕು. ಅಮೆರಿಕಕ್ಕೆ ಹೋಗಿ ಡಾಕ್ಟರಾಗಿ ಬಂದ ಆನಂದಿಬಾಯಿ ಜೋಶಿ ಹುಟ್ಟಿದಾಗ ಯಮುನಾ. ನ್ಯಾಯಮೂರ್ತಿ ರಾನಡೆಯವರ ಪತ್ನಿ ರಮಾಬಾಯಿಯೂ ಹುಟ್ಟಿದಾಗ ಯಮುನಾ. ರಾನಡೆ ನಾಸಿಕ್‌ನಲ್ಲಿ ನ್ಯಾಯಾಧೀಶರಾಗಿದ್ದಾಗಲೇ ಈ ರಮಾಬಾಯಿ ಮೊದಲ ಬಾರಿಗೆ ಸಾರ್ವಜನಿಕವಾಗಿ ಎದ್ದುನಿಂತು ಮಾತಾಡಿದ್ದು. ಮದುವೆಯ ಮಂಟಪದಲ್ಲಿ ತಟ್ಟೆಯ ಅಕ್ಕಿಯ ಮೇಲೆ ಗಂಡ ಉಂಗುರದಿಂದ ಹೊಸ ಹೆಸರು ಬರೆಯುತ್ತಾನೆ, ಯಮುನೆ ಅಲ್ಲಿಗೆ ಮುಗಿಯುತ್ತಾಳೆ. ಈ ಪದ್ಧತಿ ನಮ್ಮ ಉತ್ತರ ಕರ್ನಾಟಕದ ಕೆಲವು ಮನೆಗಳಲ್ಲೂ ಇದೆ. ಅಡ್ಡಹೆಸರಷ್ಟೇ ಅಲ್ಲ, ಹೆಸರಿಗೆ ಹೆಸರೇ ಹೋಗುತ್ತಿತ್ತು.

1884ರ ಮಾರ್ಚ್‌ನಲ್ಲಿ ದಾದಾಜಿ ವಕೀಲರ ಮೂಲಕ ಪತ್ರ ಕಳಿಸಿದ, ಹೆಂಡತಿಯನ್ನು ಕಳಿಸಿಕೊಡಿ ಎಂದು. ಮದುವೆಯಾಗಿ ಎಂಟು ವರ್ಷ ಕಳೆದಿತ್ತು, ಒಂದು ದಿನವೂ ಇಬ್ಬರೂ ಸಂಸಾರ ಮಾಡಿರಲಿಲ್ಲ. ರುಖ್ಮಾಬಾಯಿ ಹೋಗಲಿಲ್ಲ. ದಾವೆ ಹೈಕೋರ್ಟಿಗೆ ಹೋಯಿತು. ಆಸ್ತಿಗಾಗಿ ತವರಿನವರು ಹುಡುಗಿಯನ್ನು ಹಿಡಿದಿಟ್ಟಿದ್ದಾರೆಂದು ದಾದಾಜಿಯ ಕಡೆಯವರ ವಾದ. ರುಖ್ಮಾಬಾಯಿಯ ಕಡೆ ನಿಂತ ವಕೀಲರಲ್ಲಿ ಕಾಶಿನಾಥ ತ್ರ್ಯಂಬಕ ತೇಲಂಗ ಒಬ್ಬರು. ದಾವೆ ನಡೆಯುತ್ತಿರುವಾಗಲೇ, 1885ರ ಏಪ್ರಿಲ್‌ನಲ್ಲಿ ಸಖಾರಾಮ ಅರ್ಜುನ ತೀರಿಕೊಂಡರು. ಮನೆಯ ದೊಡ್ಡ ಆಸರೆ ಹೋಯಿತು.

ಅದೇ ವರ್ಷ ಟೈಮ್ಸ್ ಆಫ್ ಇಂಡಿಯಾದಲ್ಲಿ ಎರಡು ಪತ್ರಗಳು ಬಂದವು. ಜೂನ್‌ನಲ್ಲಿ ಬಂದದ್ದು ಬಾಲ್ಯವಿವಾಹದ ಬಗ್ಗೆ, ಸೆಪ್ಟೆಂಬರ್‌ನಲ್ಲಿ ಬಂದದ್ದು ಬಲವಂತದ ವೈಧವ್ಯದ ಬಗ್ಗೆ. ಕೆಳಗೆ ಹೆಸರಿರಲಿಲ್ಲ, ಒಬ್ಬ ಹಿಂದೂ ಮಹಿಳೆ ಎಂದಷ್ಟೇ ಇತ್ತು. ಬರೆದವರು ಇವರೇ ಎಂದು ಆಮೇಲೆ ಗೊತ್ತಾಯಿತು. ಗಂಡನ ಹೆಸರು ಹಾಕಿಕೊಂಡರೆ ದಾವೆಯೇ ಸೋತಂತೆ, ಮಲತಂದೆಯ ಹೆಸರು ಹಾಕಿಕೊಂಡರೆ ಆ ಮನೆಯವರಿಗೆ ಇನ್ನಷ್ಟು ನಿಂದೆ. ಅನಾಮಿಕತೆಗೆ ಇದೂ ಒಂದು ಕಾರಣವಿದ್ದೀತು ಎಂಬುದು ನನ್ನ ಊಹೆ.

1885ರ ಸೆಪ್ಟೆಂಬರ್ 21ರಂದು ನ್ಯಾಯಮೂರ್ತಿ ಪಿನ್ಹೆ ತೀರ್ಪು ಕೊಟ್ಟರು. ದಾಂಪತ್ಯದ ಹಕ್ಕನ್ನು ಮರಳಿ ಕೊಡಿಸುವ ದಾವೆ ಇಂಗ್ಲೆಂಡಿನ ಚರ್ಚು ಕೋರ್ಟುಗಳಿಂದ ಬಂದದ್ದು, ಹಿಂದೂ ಶಾಸ್ತ್ರದಲ್ಲಿ ಅದಕ್ಕೆ ಬೇರಿಲ್ಲ. ಇಂಗ್ಲೆಂಡಿನಲ್ಲೂ ಅದು ಕೂಡಿ ಬಾಳಿ ಆಮೇಲೆ ಅಗಲಿದವರಿಗೆ. ಇಲ್ಲಿ ಶುರುವೇ ಆಗದ ಸಂಸಾರವನ್ನು ಮರಳಿಸುವುದು ಹೇಗೆ? ಎಳೆಯ ವಯಸ್ಸಿನಲ್ಲಿ ಮದುವೆ ಮಾಡಿಸಲ್ಪಟ್ಟ ಹೆಣ್ಣನ್ನು ಒಲ್ಲದ ಗಂಡನ ಬಳಿಗೆ ದಬ್ಬಲು ತಾನು ಸಿದ್ಧನಿಲ್ಲ. ಇದು ಅವರ ತೀರ್ಪಿನ ತಿರುಳು. ಖರ್ಚನ್ನೂ ದಾದಾಜಿಯ ಮೇಲೆ ಹಾಕಿದರು.

ದೇಶ ಎರಡಾಯಿತು. ಬೆಹ್ರಾಮ್‌ಜಿ ಮಲಬಾರಿ ಮತ್ತು ಸುಧಾರಕರು ಒಂದು ಕಡೆ. ತಿಲಕರ ಪತ್ರಿಕೆಗಳು ಇನ್ನೊಂದು ಕಡೆ. ಇಂಗ್ಲಿಷ್ ಓದಿದ ಹೆಣ್ಣು ಧರ್ಮ ಕೆಡಿಸಿದಳು ಎಂಬ ವಾದಕ್ಕೆ ಅಲ್ಲಿ ಬಹಳ ಜಾಗ ಸಿಕ್ಕಿತು. ತಿಲಕರನ್ನು ಗೌರವಿಸುವವರಿಗೂ ಈ ಪುಟಗಳು ಇರುಸುಮುರುಸು ತರುತ್ತವೆ, ತರಬೇಕು ಕೂಡ.

ಮೇಲ್ಮನವಿಯಲ್ಲಿ ಮುಖ್ಯ ನ್ಯಾಯಮೂರ್ತಿ ಸಾರ್ಜಂಟ್ ಮತ್ತು ಬೇಲಿ 1886ರಲ್ಲಿ ಪಿನ್ಹೆಯವರ ತೀರ್ಪನ್ನು ಒಪ್ಪದೆ, ದಾವೆಯನ್ನು ಮರುವಿಚಾರಣೆಗೆ ಕಳಿಸಿದರು. 1887ರ ಮಾರ್ಚ್ 4ರಂದು ನ್ಯಾಯಮೂರ್ತಿ ಫ್ಯಾರನ್ ಆದೇಶ ಕೊಟ್ಟರು: ಗಂಡನ ಮನೆಗೆ ಹೋಗು, ಇಲ್ಲವೇ ಆರು ತಿಂಗಳವರೆಗೆ ಜೈಲು. ಇಪ್ಪತ್ತೆರಡು ವರ್ಷದ ರುಖ್ಮಾಬಾಯಿ ಜೈಲಿಗಾದರೂ ಹೋಗುತ್ತೇನೆ, ಆ ಮನೆಗೆ ಹೋಗುವುದಿಲ್ಲವೆಂದು ತಿಳಿಸಿದರು. ಸುದ್ದಿ ಲಂಡನ್ನಿನ ಪತ್ರಿಕೆಗಳಿಗೆ ಮುಟ್ಟಿತು. ಮ್ಯಾಕ್ಸ್ ಮುಲ್ಲರ್ ಕೂಡ ಬರೆದರು. ಮುಂಬಯಿಯಲ್ಲಿ ಅವರ ನೆರವಿಗೆ ಒಂದು ಸಮಿತಿಯೇ ಹುಟ್ಟಿತು. ಬೆಳಗಾವಿ, ಧಾರವಾಡ, ವಿಜಾಪುರ, ಕಾರವಾರಗಳೆಲ್ಲ ಆಗ ಮುಂಬಯಿ ಪ್ರಾಂತದವೇ. ಫ್ಯಾರನ್ ಮಾತು ನಮ್ಮ ಆ ಜಿಲ್ಲೆಗಳ ಹೆಣ್ಣುಮಕ್ಕಳ ಮೇಲೂ ಬಿದ್ದ ಮಾತು.

ವಿಕ್ಟೋರಿಯಾ ರಾಣಿ ಮಧ್ಯೆ ಬಂದು ಮದುವೆಯನ್ನು ರದ್ದು ಮಾಡಿದಳೆಂಬ ಕಥೆ ಇಂದಿಗೂ ವಾಟ್ಸ್ಆ್ಯಪ್‌ನಲ್ಲಿ ಓಡಾಡುತ್ತದೆ. ನಡೆದದ್ದು ಅಷ್ಟು ರಾಜಗಾಂಭೀರ್ಯದ್ದಲ್ಲ. 1888ರ ಜುಲೈನಲ್ಲಿ ರಾಜಿಯಾಯಿತು. ದಾದಾಜಿ 2000 ರೂಪಾಯಿ ಪಡೆದು ತನ್ನ ಹಕ್ಕನ್ನು ಬಿಟ್ಟುಕೊಟ್ಟ. ಮುಂದೆ ಬೇರೆ ಮದುವೆಯನ್ನೂ ಮಾಡಿಕೊಂಡ. ಗಂಡಸಿಗೆ ಅದಕ್ಕೆ ಯಾರ ಅಪ್ಪಣೆಯೂ ಬೇಕಿರಲಿಲ್ಲ. ರುಖ್ಮಾಬಾಯಿ ಮಾತ್ರ ಕಾನೂನಿನ ಕಣ್ಣಲ್ಲಿ ಅವನ ಹೆಂಡತಿಯಾಗಿಯೇ ಉಳಿದರು, ಏಕೆಂದರೆ ಅದು ವಿಚ್ಛೇದನವಲ್ಲ, ಹಣ ಕೊಟ್ಟು ಕೊಂಡ ಸುಮ್ಮನಿರುವಿಕೆ.

ಕಾಮಾ ಆಸ್ಪತ್ರೆಯ ವೈದ್ಯೆ ಎಡಿತ್ ಪೀಚಿ ಅವರ ಬೆಂಬಲದಿಂದ 1889ರಲ್ಲಿ ರುಖ್ಮಾಬಾಯಿ ಲಂಡನ್ನಿಗೆ ಹೋದರು. ಮಹಿಳೆಯರ ವೈದ್ಯಕೀಯ ಶಾಲೆಯಲ್ಲಿ ಓದಿ, ಸ್ಕಾಟ್ಲೆಂಡಿನ ಪರೀಕ್ಷೆಗಳನ್ನು ಮುಗಿಸಿ 1894ರಲ್ಲಿ ಅರ್ಹತೆ ಪಡೆದರು. ಅವರು ಅಲ್ಲಿದ್ದಾಗಲೇ, 1891ರಲ್ಲಿ, ಸಮ್ಮತಿಯ ವಯಸ್ಸನ್ನು ಹತ್ತರಿಂದ ಹನ್ನೆರಡಕ್ಕೆ ಏರಿಸಿದ ಕಾಯ್ದೆ ಬಂತು. ಅದಕ್ಕೆ ನೆಲ ಹದ ಮಾಡಿದ್ದರಲ್ಲಿ ಈ ದಾವೆಯ ಪಾಲು ದೊಡ್ಡದು. ಮೈಸೂರು ಸಂಸ್ಥಾನ 1894ರಲ್ಲಿ ಎಂಟು ವರ್ಷದೊಳಗಿನ ಹುಡುಗಿಯರ ಮದುವೆಯನ್ನೂ, ಐವತ್ತು ದಾಟಿದ ಗಂಡಸು ಹದಿನಾಲ್ಕರೊಳಗಿನ ಹುಡುಗಿಯನ್ನು ಮದುವೆಯಾಗುವುದನ್ನೂ ನಿಷೇಧಿಸಿತು. ಎಂಟು ಎಂಬ ಅಂಕಿ ಇವತ್ತು ನಮಗೆ ನಡುಕ ತರುತ್ತದೆ, ಆಗ ಅದೇ ಸುಧಾರಣೆ.

ಊರಿಗೆ ಮರಳಿದ ಮೇಲೆ ಸೂರತ್‌ನ ಹೆಂಗಸರ ಆಸ್ಪತ್ರೆ ಅವರ ಕೆಲಸದ ಮನೆಯಾಯಿತು. ಹೆರಿಗೆಗೆ ಆಸ್ಪತ್ರೆಗೆ ಬರುವುದು ಅಪಶಕುನವೆಂದು ಜನ ಹಿಂಜರಿಯುತ್ತಿದ್ದಾಗ, ಗಬ್ಬದ ಮೇಕೆಯೊಂದನ್ನು ತರಿಸಿ ಆಸ್ಪತ್ರೆಯಲ್ಲೇ ಮರಿ ಹಾಕಿಸಿ, ನೋಡಿ ತಾಯಿಯೂ ಮರಿಯೂ ಚೆನ್ನಾಗಿವೆ ಎಂದು ತೋರಿಸಿಕೊಟ್ಟರೆಂಬ ಕಥೆ ಅಲ್ಲಿ ಪ್ರಸಿದ್ಧ. ಆಮೇಲೆ ರಾಜಕೋಟೆಯ ಹೆಂಗಸರ ಆಸ್ಪತ್ರೆ. ಎಲ್ಲ ಸೇರಿ ಮೂವತ್ತೈದು ವರ್ಷದಷ್ಟು ಸೇವೆ. ಲಂಡನ್ನಿನ ಪತ್ರಿಕೆಗಳು ಹಾಡಿ ಹೊಗಳಿದ್ದ ಹೆಣ್ಣು ಗುಜರಾತಿನ ಆ ವಾರ್ಡುಗಳಲ್ಲಿ ಸದ್ದಿಲ್ಲದೆ ಆಯುಷ್ಯ ಸವೆಸಿದರು. ಇದರ ಬಗ್ಗೆ ಬರೆಯುವವರು ಎರಡು ಸಾಲಿನಲ್ಲಿ ಮುಗಿಸಿಬಿಡುತ್ತಾರೆ, ನಾನೂ ಮುಗಿಸುತ್ತಿದ್ದೇನೆ. ದಾವೆಗೆ ದಾಖಲೆಗಳಿವೆ, ರಾತ್ರಿ ಎರಡು ಗಂಟೆಗೆ ಎದ್ದು ಮಾಡಿಸಿದ ಹೆರಿಗೆಗಳಿಗೆ ಇರುವುದಿಲ್ಲ.

1904ರಲ್ಲಿ ದಾದಾಜಿ ತೀರಿಕೊಂಡಾಗ ರುಖ್ಮಾಬಾಯಿ ವಿಧವೆಯರ ಬಿಳಿ ಸೀರೆ ಉಟ್ಟರೆಂದು ಅವರ ಚರಿತ್ರೆ ಬರೆದವರು ಹೇಳುತ್ತಾರೆ. ಓದಿದ ಯಾರಿಗೂ ಇದು ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಇಡೀ ದೇಶದೆದುರು ಯಾವ ಮದುವೆಯನ್ನು ತನ್ನದಲ್ಲವೆಂದರೋ ಅದರ ಸೂತಕವನ್ನು ಏಕೆ ಹೊತ್ತರು? ರೋಗಿಗಳ ಮನೆಯೊಳಗೆ ಹೋಗಿ ಬರಲು ಆ ಉಡುಪು ಅನುಕೂಲವಾಗಿತ್ತೋ, ಸಾಯುವವರೆಗೂ ಎರಡನೆಯ ಮದುವೆಯ ಮಾತು ಬಾರದಿರಲೆಂದೋ, ಕಾನೂನು ಬಿಡಿಸದ ಗಂಟನ್ನು ಸಾವು ಬಿಡಿಸಿತೆಂಬ ಗುರುತೋ. ವಿಚ್ಛೇದನವಾದ ಎಷ್ಟೋ ಮಂದಿ ಇವತ್ತೂ ಮಕ್ಕಳ ಶಾಲೆಯ ದಾಖಲೆಗಾಗಿ, ವೃತ್ತಿಯಲ್ಲಿ ಗಳಿಸಿದ ಹೆಸರಿಗಾಗಿ ಮಾಜಿ ಗಂಡನ ಅಡ್ಡಹೆಸರನ್ನೇ ಇಟ್ಟುಕೊಳ್ಳುತ್ತಾರೆ. ಹೊರಗಿನವರು ಅದಕ್ಕೆ ಅರ್ಥ ಹಚ್ಚುವುದು ತಪ್ಪಾದೀತು. ಬಿಳಿ ಸೀರೆಯ ವಿಷಯದಲ್ಲೂ ಹಾಗೆಯೇ.

ಈಗ ಹೆಸರಿನ ಮಾತಿಗೆ ಬರುತ್ತೇನೆ. ಕಾನೂನು ವರದಿಗಳಲ್ಲಿ ಈ ದಾವೆಯ ಶೀರ್ಷಿಕೆ ದಾದಾಜಿ ಭಿಕಾಜಿ ವಿರುದ್ಧ ರುಖ್ಮಾಬಾಯಿ. ಅವನ ಹೆಸರಿನ ಪಕ್ಕ ಅವನಪ್ಪನಿದ್ದಾನೆ, ಇವರ ಪಕ್ಕ ಯಾರೂ ಇಲ್ಲ. ಮುಂದೆ ಡಾಕ್ಟರ್ ರುಖ್ಮಾಬಾಯಿ ಎಂದೇ ಪ್ರಸಿದ್ಧರಾದರು. ಅಡ್ಡಹೆಸರುಗಳು ಬಂದದ್ದು ಬೇರೆಯವರಿಂದ. ಕೆಲವರು ಭಿಕಾಜಿ ಎಂದು ಬರೆದು ಬಿಟ್ಟುಹೋದ ಗಂಡನ ಮನೆಗೆ ಮತ್ತೆ ತಳ್ಳಿದರು. 2017ರಲ್ಲಿ ಅವರ ಜನ್ಮದಿನದಂದು ಗೂಗಲ್ ಚಿತ್ರ ಹಾಕಿದಾಗ ಹೆಸರು ರುಖ್ಮಾಬಾಯಿ ರಾವುತ್ ಎಂದಿತ್ತು, ಅದು ಮಲತಂದೆಯ ಮನೆತನ. ಹೆತ್ತ ತಂದೆ ಜನಾರ್ದನರಾಗಲಿ, ಆಸ್ತಿ ಬರೆದುಕೊಟ್ಟ ಜಯಂತಿಬಾಯಿಯಾಗಲಿ ಯಾವ ಪಟ್ಟಿಯಲ್ಲೂ ಇಲ್ಲ. ಮಹಾರಾಷ್ಟ್ರ ಸರ್ಕಾರ 2024ರ ಮೇ 1ರಿಂದ ಹುಟ್ಟುವ ಮಕ್ಕಳ ಹೆಸರಿನಲ್ಲಿ ತಾಯಿಯ ಹೆಸರನ್ನು ಕಡ್ಡಾಯ ಮಾಡಿತು. ಮಗುವಿನ ಹೆಸರು, ಆಮೇಲೆ ತಾಯಿ, ಆಮೇಲೆ ತಂದೆ, ಕೊನೆಗೆ ಅಡ್ಡಹೆಸರು. ಖಾನೆ ನಾಲ್ಕಾಯಿತು ಎಂದು ಗೊಣಗುವ ಗೆಳೆಯರಿಗೆ ನಾನು ಜಯಂತಿಬಾಯಿಯ ಕಥೆ ಹೇಳುತ್ತೇನೆ.

ಕಾನೂನು ಎಷ್ಟು ನಿಧಾನವಾಗಿ ನಡೆಯಿತೆಂದು ನೋಡಿ. ದಾಂಪತ್ಯದ ಡಿಕ್ರಿಗೆ ಜೈಲಿಗೆ ಹಾಕುವುದು ನಿಂತದ್ದು 1923ರ ತಿದ್ದುಪಡಿಯಿಂದ. ಮುಂಬಯಿ ಪ್ರಾಂತದಲ್ಲಿ ಹಿಂದೂಗಳಿಗೆ ವಿಚ್ಛೇದನ ಸಿಕ್ಕಿದ್ದು 1947ರ ಕಾಯ್ದೆಯಿಂದ, ಆಗ ರುಖ್ಮಾಬಾಯಿಗೆ ಎಂಬತ್ತೆರಡು. ದಕ್ಷಿಣ ಕನ್ನಡವಿದ್ದ ಮದರಾಸು ಪ್ರಾಂತದಲ್ಲಿ 1949. ಇಡೀ ದೇಶಕ್ಕೆ ಹಿಂದೂ ವಿವಾಹ ಕಾಯ್ದೆ ಜಾರಿಯಾದದ್ದು 1955ರ ಮೇ 18ರಂದು. ಆ ಕಾಯ್ದೆಯ ಒಂಬತ್ತನೇ ಸೆಕ್ಷನ್‌ನಲ್ಲಿ ದಾದಾಜಿ ಹೂಡಿದ್ದ ದಾವೆಯೂ ಗಂಡಹೆಂಡಿರಿಬ್ಬರಿಗೂ ಸಿಗುವ ಹಕ್ಕಾಗಿ ಉಳಿದುಕೊಂಡಿದೆ. 1984ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು, 2019ರಲ್ಲಿ ಅದನ್ನು ಮತ್ತೆ ಪ್ರಶ್ನಿಸಲಾಯಿತು.

ಹೆಸರಿನ ವಿಷಯದಲ್ಲೂ ಪೂರ್ತಿ ಬಿಡುಗಡೆ ಆಗಿಲ್ಲ. ತವರಿನ ಅಡ್ಡಹೆಸರಿಗೆ ಮರಳಲು ಬಯಸುವ ವಿವಾಹಿತೆ ವಿಚ್ಛೇದನದ ಡಿಕ್ರಿಯನ್ನಾದರೂ ತರಬೇಕು, ಇಲ್ಲವೇ ಗಂಡನ ನಿರಾಕ್ಷೇಪಣಾ ಪತ್ರವನ್ನಾದರೂ ತರಬೇಕು ಎಂಬ ಕೇಂದ್ರ ಸರ್ಕಾರದ ಅಧಿಸೂಚನೆಯೊಂದನ್ನು 2024ರಲ್ಲಿ ಒಬ್ಬ ಮಹಿಳೆ ದೆಹಲಿ ಹೈಕೋರ್ಟಿನಲ್ಲಿ ಪ್ರಶ್ನಿಸಿದರು. ದಾವೆ ಇನ್ನೂ ನಡೆಯುತ್ತಿರುವಾಗ ಡಿಕ್ರಿ ಎಲ್ಲಿಂದ ಬರಬೇಕು? ಕೋರ್ಟಿನಲ್ಲಿ ಎದುರಾಳಿಯಾಗಿ ನಿಂತ ಗಂಡ ಪತ್ರ ಏಕೆ ಕೊಟ್ಟಾನು? ಕೊಟ್ಟರೂ ಅದಕ್ಕೇನು ಬೆಲೆ ಕೇಳಿಯಾನು? ನನಗೆ ಆ 2000 ರೂಪಾಯಿ ನೆನಪಾಯಿತು. ನಮ್ಮ ಪಕ್ಕದ ಔರಂಗಾಬಾದ್ 2023ರಲ್ಲಿ ಛತ್ರಪತಿ ಸಂಭಾಜಿನಗರ ಆದಾಗಲೂ ಗೆಜೆಟ್ ಬೇಕಾಯಿತು, ತಕರಾರು ಹೈಕೋರ್ಟಿಗೂ ಹೋಯಿತು. ಆದರೆ ಹಳೆಯ ಹೆಸರಿಟ್ಟವನ ನಿರಾಕ್ಷೇಪಣಾ ಪತ್ರವನ್ನು ಊರಿನಿಂದ ಯಾರೂ ಕೇಳಲಿಲ್ಲ.

ನಿವೃತ್ತಿಯ ನಂತರ ರುಖ್ಮಾಬಾಯಿ ಪರದೆ ಪದ್ಧತಿ ತೊಲಗಬೇಕೆಂದು ಒಂದು ಕಿರುಹೊತ್ತಗೆ ಬರೆದರು. ಈ ಸಲ ಅದರ ಮೇಲೆ ಅವರದೇ ಹೆಸರಿತ್ತು. ಹಿಂದೂ ವಿವಾಹ ಕಾಯ್ದೆ ಜಾರಿಯಾಗಿ ನಾಲ್ಕು ತಿಂಗಳ ಮೇಲೆ ಒಂದು ವಾರ ಕಳೆದಿತ್ತು. 1955ರ ಸೆಪ್ಟೆಂಬರ್ 25ರಂದು, ತೊಂಬತ್ತೊಂದಕ್ಕೆ ಎರಡು ತಿಂಗಳು ಬಾಕಿಯಿರುವಾಗ, ಅವರು ತೀರಿಕೊಂಡರು.